ಚನ್ನರಾಯಪಟ್ಟಣಕ್ಕೆ ತಡವಾಗಿ ಬಂದ ರೀಲು

ಚಪ್ಪಲಿ ತೊಳೆಯುತ್ತಿದ್ದಾನಲ್ಲ ಇವನು, ಟಿವಿಯೊಳಗಿನ ಈ ಮುದುಕ, ಮನೆಬಿಟ್ಟು ಹೋದ ಮಗಳ ಚಪ್ಪಲಿಯನ್ನು ಬಚ್ಚಲಕಲ್ಲಿನ ಮೇಲಿಟ್ಟು ತೆಂಗಿನ ನಾರಿನಿಂದ ಉಜ್ಜಿ ಉಜ್ಜಿ — ಇದೆಲ್ಲಿತ್ತು, ಈ ದೃಶ್ಯ ನಾನು ನೋಡಿಯೇ ಇಲ್ಲ, ಹನ್ನೆರಡು ವರ್ಷದ ಹಿಂದೆ ಪತ್ರಿಕೆಯಲ್ಲಿ ಈ ಸಿನಿಮಾದ ವಿಮರ್ಶೆ ಬರೆದವನು ನಾನು, ಅಂಬುಜ ಅಡುಗೆಮನೆಯಿಂದ ಕೇಳುತ್ತಾಳೆ, ಏನ್ರೀ, ಇದು ನಮ್ಮ ಮೋಹನ್‌ಕುಮಾರಂದಲ್ವಾ, ನೀವು ಆಗಲೇ ನೋಡಿದ್ರಲ್ಲ, ಹೂಂ ಅಂದೆ, ಇವತ್ತೂ ಹೂಂ. ಚನ್ನರಾಯಪಟ್ಟಣದ ಟಾಕೀಸು, ತೊಂಬತ್ತನಾಲ್ಕು, ಮ್ಯಾಟ್ನಿ, ಹಾಸನಕ್ಕೂ ಅಲ್ಲಿಗೂ ಸೇರಿ ಒಂದೇ ಪ್ರಿಂಟು, ಹಾಸನದಲ್ಲಿ ಓಡಿದ ರೀಲು ಬೈಕಿನಲ್ಲಿ ಬರಬೇಕು, ಕೊನೆಯದು ಬರಲೇ ಇಲ್ಲ, ಪರದೆ ಬೆಳ್ಳಗೆ, ಜನ ಶಿಳ್ಳೆ ಹೊಡೆಯುತ್ತಿದ್ದಾರೆ, ನನಗೆ ಹೊಳೆನರಸೀಪುರದ ಆರೂಕಾಲಿನ ಬಸ್ಸು, ಹತ್ತು ನಿಮಿಷದಲ್ಲಿ ಇನ್ನೇನಿರುತ್ತೆ ಎಂದು ಎದ್ದೆ, ಬಸ್ಸಿನಲ್ಲೇ ಬರೆದೆ — ಈ ಅಪ್ಪನ ಎದೆಯಲ್ಲಿರುವುದು ಕಲ್ಲು, ನಿರ್ದೇಶಕನ ಎದೆಯಲ್ಲೂ ಅದೇ — ಎಂಥ ಸಾಲು, ಕಾಲೇಜಿನ ಸ್ಟಾಫ್‌ರೂಮಿನಲ್ಲಿ ಓದಿ ಓದಿ ನಕ್ಕರು, ನಾನೂ ಬೀಗಿದೆ, ಶುಕ್ರವಾರ ಸಿನಿಮಾ ಎತ್ತಿದರು.

ಶನಿವಾರ ಮೋಹನ್‌ಕುಮಾರ ಬಂದ, ನನ್ನ ಹಳೆಯ ವಿದ್ಯಾರ್ಥಿ, ದಂಡಿಗನಹಳ್ಳಿಯವನು, ಜಗಳಕ್ಕಲ್ಲ, ಜಗಲಿಯ ಮೇಲೆ ಕೂರಲೂ ಇಲ್ಲ, ಸಾ, ಕೊನೇ ರೀಲು ನೋಡುದ್ರಾ, ಅದೊಂದ್ ಯೋಳಿ ಸಾ, ಅದುಕ್ಕೇ ಸಾ ನಾನು ಇಡೀ ಸಿನ್ಮಾ ಮಾಡಿದ್ದು — ನೋಡಿದೆ ಕಣಪ್ಪಾ, ಅಂದೆ, ನೋಡಿದೆ, ಏನೂ ಅನ್ನಿಸ್ಲಿಲ್ಲ. ಅಂಗಾರೆ ನಂಗೇ ಬರಕಿಲ್ಲ ಬುಡಿ ಸಾ, ಎಂದ, ಮೇಷ್ಟರ ಮಾತೆಂದು ನಂಬಿಬಿಟ್ಟ, ಬಸ್ಸಿಗೆ ಎದ್ದದ್ದನ್ನು ಕ್ಷಮಿಸಬಹುದು, ಈ ಸುಳ್ಳನ್ನು ಯಾರು ಕ್ಷಮಿಸಬೇಕು, ನಾರು ಇನ್ನೂ ಉಜ್ಜುತ್ತಿದೆ, ಪಟ್ಟಿಯ ಸಂದಿಯ ಮಣ್ಣು ಬಿಡುತ್ತಿದೆ, ಅವನು ಮತ್ತೆ ಸಿನಿಮಾ ಮಾಡಲಿಲ್ಲ, ಕೊಣನೂರಿನಲ್ಲಿ ಮದುವೆ ವೀಡಿಯೋ ತೆಗೆಯುತ್ತಾನೆ, ನಮ್ಮ ಮಗಳು ರಂಜನಿಯ ಮದುವೆಗೂ ಅವನೇ ಬಂದಿದ್ದ, ಧಾರೆ ಎರೆಯುವಾಗ ನಾನು ಅತ್ತದ್ದನ್ನು ಎಷ್ಟು ಮೆಲ್ಲಗೆ, ಎಷ್ಟು ದೂರ ನಿಂತು ತೆಗೆದಿದ್ದಾನೆ, ಅವನ ಎದೆಯಲ್ಲಿ ಕಲ್ಲು ಎಂದು ಬರೆದೆನಲ್ಲ, ಥೂ ನನ್ನ. ಆ ಮದುವೆ ಕ್ಯಾಸೆಟ್ಟಿನ ಡಬ್ಬಿಯ ಮೇಲೆ ಅವನ ನಂಬರಿದೆ, ಒತ್ತಿಯೂಬಿಟ್ಟೆ, ಏನೆನ್ನಲಿ, ಈಗ ನೋಡಿದೆ ಎನ್ನಲೇ, ಆಗ ನೋಡಿರಲಿಲ್ಲ ಎನ್ನಲೇ, ಅಲೋ, ಯಾರು, ಓ ಮೇಷ್ಟ್ರಾ, ಯೋಳಿ ಸಾ — ಮುದುಕ ಚಪ್ಪಲಿಗಳನ್ನು ಗೋಡೆಗೆ ಒರಗಿಸುತ್ತಿದ್ದಾನೆ, ಬಿಸಿಲಿಗೆ, ಜೋಡಿಯಾಗಿ, ನೀರು ಸೋರುತ್ತಿದೆ, ಯೋಳಿ ಸಾ, ಯೋಳಿ ಸಾ, ಒದ್ದೆ ಚಪ್ಪಲಿ, ಬಿಸಿಲು, ಒದ್ದೆ ಚಪ್ಪಲಿ