ಎರಡನೇ ಇನ್ನಿಂಗ್ಸಿಗೆ ಎದ್ದುಹೋಗುವವನು

ಕಾಫಿ ಪಾತ್ರೆಯನ್ನು ಎರಡೂ ಕೈಯಲ್ಲಿ ಹಿಡಿದು ಚರ್ಚಿನ ನೆಲಮಾಳಿಗೆಗೆ ಇಳಿಯುತ್ತಿದ್ದ ಮಾರ್ಲೀನ್‌ಳನ್ನು ಸೋದರತ್ತೆ ಬೊಝೆನಾ ಮೆಟ್ಟಿಲಲ್ಲೇ ಅಡ್ಡಗಟ್ಟಿದಳು.

“ಮಣ್ಣು ಹಾಕಿ ಬಂದಾಯ್ತು. ಜನ ಊಟಕ್ಕೆ ಕೂತಿದ್ದಾರೆ. ಅಪ್ಪನ ಬಗ್ಗೆ ನಾಲ್ಕು ಮಾತಾಡೇ, ಇರೋಳು ನೀನೊಬ್ಬಳೇ ಮಗಳು.”

“ನಂಗೇನು ಗೊತ್ತು ಅತ್ತೆ? ಅಪ್ಪ ಮನೇಲಿದ್ದಿದ್ದಕ್ಕಿಂತ ಕಾರಲ್ಲಿದ್ದಿದ್ದೇ ಹೆಚ್ಚು.”

“ಕಾರಿಗೆ ಮಾತು ಬರಲ್ವಲ್ಲ. ನೀನೇ ಆಡ್ಬೇಕು.”

ಮಾರ್ಲೀನ್ ನಕ್ಕು ಜಾರಿಕೊಂಡಳು. ಬೆಳಿಗ್ಗೆ ಪಾದ್ರಿ ಕೇಳಿದಾಗಲೂ ಆಗುವುದಿಲ್ಲ ಎಂದಿದ್ದಳು.

*

ಕಾಲೇಜಿನ ದಿನಗಳಲ್ಲಿ ಮಾರ್ಲೀನ್‌ಳ ಅಪ್ಪ ಆರ್ವಿನ್ ಸ್ಟಾನೆಕ್ ಬೇಸ್‌ಬಾಲ್ ಮೈದಾನದಲ್ಲಿ ಚೆಂಡೆಸೆಯಲು ನಿಂತರೆ ಊರಿನ ಅಂಗಡಿಗಳು ಬಾಗಿಲು ಹಾಕುತ್ತಿದ್ದವು. ಒಂದೇ ಆಟದಲ್ಲಿ ಹದಿನೇಳು ಸಲ ಎದುರಾಳಿಗಳನ್ನು ಬ್ಯಾಟ್ ಸಮೇತ ವಾಪಸು ಕಳಿಸಿದ್ದ. ಆಮೇಲೆ ಒಂಬತ್ತು ವರ್ಷ ಕಿರಿಯ ಲೀಗುಗಳಲ್ಲಿ ಬಸ್ಸಿನಿಂದ ಬಸ್ಸಿಗೆ ಅಲೆದ. ಮೇಜರ್ ಲೀಗಿಗೆ ಇನ್ನೊಂದೇ ಮೆಟ್ಟಿಲು ಅನ್ನುವಾಗ ಭುಜ ಕೆಟ್ಟಿತು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಹಾಗಂತ ಅವನೇನೂ ಮುಖ ಊದಿಸಿಕೊಂಡು ಕೂರಲಿಲ್ಲ. ಸ್ಕೌಟ್ ಕೆಲಸ ಹಿಡಿದು, ತಂಡಕ್ಕೆ ಒಳ್ಳೆಯ ಹುಡುಗರನ್ನು ಹುಡುಕುತ್ತ ನೆಬ್ರಾಸ್ಕದ ಶಾಲೆ ಕಾಲೇಜುಗಳ ಮೈದಾನಗಳನ್ನು ಮೂವತ್ತಮೂರು ವರ್ಷ ಸುತ್ತಿದ.

ಮಾರ್ಲೀನ್ ಹೈಸ್ಕೂಲಿನಲ್ಲಿ ಹುಡುಗಿಯರ ತಂಡಕ್ಕೆ ಚೆಂಡೆಸೆಯುತ್ತಿದ್ದಳು. ಊರಲ್ಲಿದ್ದರೆ ಅಪ್ಪ ತಪ್ಪದೆ ಬರುತ್ತಿದ್ದ. ಆದರೆ ಏಳು ಇನ್ನಿಂಗ್ಸಿನ ಆಟದಲ್ಲಿ ಎರಡನೆಯದು ಮುಗಿಯುವಷ್ಟರಲ್ಲಿ ಆಕಳಿಸಿ, ಟೋಪಿ ಹಾಕಿಕೊಂಡು ಗೇಟು ದಾಟುತ್ತಿದ್ದ. ಹದಿನಾರರ ಹುಡುಗಿ ಅದನ್ನು ಏನೆಂದು ತಿಳಿಯಬೇಕು? ಊರ ಮಕ್ಕಳನ್ನೆಲ್ಲ ತೂಗಿ ನೋಡುವವನು ತನ್ನನ್ನೂ ತೂಗಿ, ಇವಳಲ್ಲಿ ಏನೂ ಇಲ್ಲವೆಂದು ಹೋಗುತ್ತಾನೆ ಅಂದುಕೊಂಡಳು. ಕೇಳಲು ಬಾಯಿ ಬರಲಿಲ್ಲ. ಮರುವರ್ಷ ಚೆಂಡು ಮುಟ್ಟಲಿಲ್ಲ. ಇಪ್ಪತ್ತೇಳು ವರ್ಷ ಕಳೆದರೂ ಆ ನೋವು ಹೋಗಿರಲಿಲ್ಲ.

*

ನೆಲಮಾಳಿಗೆಯ ಮೂಲೆ ಮೇಜಿನಲ್ಲಿ ಹೊಯ್ಟ್ ಗ್ರಬ್ಸ್ ಮೂರನೇ ಗಸಗಸೆ ಬನ್ನಿಗೆ ಕೈ ಹಾಕಿದ್ದ. ಅವನೂ ಸ್ಕೌಟ್, ಬೇರೆ ತಂಡದವನು. ಆರ್ವಿನ್ ಪಕ್ಕದಲ್ಲೇ ಕೂತು ಮೂವತ್ತು ವರ್ಷ ಅವನಿಗೆ ಸುಳ್ಳು ಹೇಳಿದವನು, ಅವನಿಂದ ಅಷ್ಟೇ ಸುಳ್ಳು ಕೇಳಿದವನು.

“ನಿಮ್ಮಪ್ಪನಂಥ ಕಳ್ಳ ಇನ್ನೊಬ್ಬನಿಲ್ಲ ಮಗಳೇ,” ಎಂದ, ಮಾರ್ಲೀನ್ ಕಾಫಿ ಸುರಿಯುವಾಗ. “ಹುಡುಗ ಕೆಲಸಕ್ಕೆ ಬಾರದವನಾದ್ರೆ ಕೊನೇವರೆಗೂ ಕೂತು ಚಪ್ಪಾಳೆ ತಟ್ಟೋನು. ನಾವೆಲ್ಲ ಆ ದಡ್ಡನ ಹಿಂದೆ ಬೀಳ್ತಿದ್ವಿ. ನಿಜವಾಗ್ಲೂ ಹಿಡಿಸಿದ್ರೆ ಎರಡನೇ ಇನ್ನಿಂಗ್ಸಿಗೇ ಆಕಳಿಸ್ಕೊಂಡು ಎದ್ದುಹೋಗೋನು.”

ಮಾರ್ಲೀನ್ ಕೈ ನಿಂತಿತು.

“ನನ್ನ ಆಟದಿಂದ್ಲೂ ಎದ್ದುಹೋಗ್ತಿದ್ರು ಮಾಮ. ಹುಡುಗೀರ ಆಟಕ್ಕೆ ಯಾವ ಸ್ಕೌಟ್ ಬರ್ತಿದ್ದ, ಮುಚ್ಚಿಡೋಕೆ?”

“ಅಭ್ಯಾಸ ಕಣಮ್ಮ. ಹಿಡಿಸಿದ ಕೂಡ್ಲೇ ಕಾಲು ತಾವಾಗೇ ಏಳ್ತಿದ್ವು. ಒಂದು ಸಲ ನಿನ್ನ ಆಟದಿಂದ ಎದ್ದು ಯಾವ ಹುಡುಗನ್ನ ನೋಡೋಕೆ ಓಡ್ತಾನೋ ಅಂತ ಹಿಂದೇನೇ ಹೋದೆ. ಎಲ್ಲಿಗೂ ಹೋಗ್ಲಿಲ್ಲ. ಸ್ಕೂಲ್ ಮೈದಾನದ ಅಂಚಲ್ಲಿ ಹುಲ್ಲು ಕತ್ತರಿಸೋ ಮೆಷಿನ್ ಇಡೋ ತಗಡಿನ ಶೆಡ್ ಇದೆಯಲ್ಲ, ಅದರ ಹಿಂದೆ ನಿಂತ. ಏನೋ ಮಾಡ್ತಿದ್ದೀಯ ಅಂದ್ರೆ ‘ಮೂತ್ರಕ್ಕೆ ಬಂದೆ’ ಅಂದ. ಒಂದೂವರೆ ಗಂಟೆ ನಿಂತಿದ್ದ.”

“ಅಪ್ಪ ನಂಗ್ಯಾಕೆ ಹೇಳ್ಲಿಲ್ಲ?”

“ಸ್ಕೌಟ್ ಹೇಳ್ತಾನಾ?” ಎಂದ ಹೊಯ್ಟ್.

ಮಾರ್ಲೀನ್‌ಗೆ ನಗು ಬಂತು. ಹಿಂದೆಯೇ ಅಳು ಬಂತು. ಎರಡನ್ನೂ ಒಂದೇ ಕರವಸ್ತ್ರದಲ್ಲಿ ಒರೆಸಿಕೊಂಡು, ಪಾತ್ರೆಯನ್ನು ಅತ್ತೆಯ ಕೈಗಿಟ್ಟಳು.

“ಎಲ್ಲಿಗೇ? ಮಾತಾಡಲ್ವಾ?”

“ಆಡ್ತೀನಿ ಅತ್ತೆ. ಹತ್ತು ನಿಮಿಷ ಬಿಡು.”

ರಸ್ತೆ ದಾಟಿದರೆ ಶಾಲೆ. ಶೆಡ್ಡು ತುಕ್ಕು ಹಿಡಿದು ಒಂದು ಕಡೆ ವಾಲಿತ್ತು. ಹಿಂದಕ್ಕೆ ಹೋದಾಗ ಮುಳ್ಳುಗಿಡ ಸ್ಕರ್ಟಿಗೆ ಸಿಕ್ಕಿಕೊಂಡಿತು. ತಗಡಿಗೂ ಬೇಲಿಯ ಕಂಬಕ್ಕೂ ನಡುವೆ ಗೇಣಗಲದ ಸಂದು. ಬಗ್ಗಿ ಕಣ್ಣಿಟ್ಟಳು. ಬ್ಯಾಟ್ ಹಿಡಿದವರು ನಿಲ್ಲುವ ಜಾಗ ಕಾಣಲಿಲ್ಲ. ಓಡುವ ದಾರಿ ಕಾಣಲಿಲ್ಲ, ಅಂಕದ ಹಲಗೆಯೂ ಇಲ್ಲ. ಆ ಸಂದಿನಲ್ಲಿ ಕಾಣುತ್ತಿದ್ದುದು, ಹುಲ್ಲಿನ ನಡುವೆ, ಚೆಂಡೆಸೆಯುವವಳು ನಿಲ್ಲುವ ಆ ಒಂದು ಸುತ್ತು ಮಣ್ಣು ಮಾತ್ರ.