ಇನ್ನೂರ ಎಂಟನೇ ಪುಟ

“ಮುದುಕಿ ಒಳಗೆ ಬಂದು ಮಂಡಿನೋವಿನ ಕತೆ ಶುರು ಮಾಡ್ತಾಳಲ್ಲ, ಅಲ್ಲಿ ನಾನು ಬಿದ್ದುಬಿದ್ದು ನಕ್ಕೆ,” ಎಂದರು ಅತ್ತಿಗೆ.

ಮಧ್ಯಾಹ್ನದ ಊಟಕ್ಕೆ ಮನೆಗೆ ಬಂದವನು ತಟ್ಟೆಯ ಮುಂದೆ ಕೂತಿದ್ದೆ. “ಯಾವ ಮುದುಕಿ?”

“ಬಾಗಿಲು ತಟ್ಟುತ್ತಿದ್ದವಳು. ನಿನ್ನ ಚಂದ್ರನ ಪುಸ್ತಕದಲ್ಲಿ. ವಾರವೆಲ್ಲ ಅದನ್ನೇ ಜಪ ಮಾಡ್ತಿದ್ದೆಯಲ್ಲ, ಅಂಥದ್ದೇನಿದೆ ಅಂತ ನಿನ್ನೆ ಅಂಗಡಿಯಿಂದ ತಂದೆ. ಬೆಳಗ್ಗೆ ಮುಗಿಸಿದೆ.”

“ಬಾಗಿಲು ತೆಗೆಯೋದೇ ಇಲ್ಲ ಅತ್ತಿಗೆ. ಕಾವಲಿನವಳು ಚಿಲಕದ ಮೇಲೆ ಕೈಯಿಡ್ತಾಳೆ. ಅಲ್ಲಿಗೆ ಕತೆ ಮುಗೀತು.”

“ಮುಗೀತಂತೆ! ಆಮೇಲೆ ಇಬ್ಬರೂ ಕೂತು ಪುಟಗಟ್ಟಲೆ ಹರಟೆ ಹೊಡೀತಾರೆ. ಮೌನಿಬಾಬಾ, ನೀನು ಓದಿದ್ದು ಯಾವ ಪುಸ್ತಕ?”

ಕೈಯಲ್ಲಿದ್ದ ತುತ್ತನ್ನು ತಟ್ಟೆಗೆ ಬಿಟ್ಟೆ. ಎಡಗೈಯಲ್ಲಿ ಅತ್ತಿಗೆಯ ಪುಸ್ತಕ ಎಳೆದುಕೊಂಡು ಕೊನೆಯ ಪುಟ ತೆರೆದೆ. ಇನ್ನೂರ ಇಪ್ಪತ್ತನಾಲ್ಕು. ನಾನು ಓದಿದ್ದ ಆಫೀಸಿನ ಪ್ರತಿ ಇನ್ನೂರ ಎಂಟಕ್ಕೆ ನಿಂತಿತ್ತು. ಪುಸ್ತಕವನ್ನು ಹದಿನಾರು ಹದಿನಾರು ಪುಟಗಳ ಹಾಳೆಗಳಾಗಿ ಅಚ್ಚು ಹಾಕಿ, ಮಡಿಸಿ, ಹೊಲಿಯುತ್ತಾರೆ. ನಮಗೆ ಬಂದ ಪ್ರತಿಯಲ್ಲಿ ಕೊನೆಯ ಮಡಿಕೆಯೇ ಇರಲಿಲ್ಲ. ‘ಅವಳು ಚಿಲಕದ ಮೇಲೆ ಕೈಯಿಟ್ಟಳು’ ಎಂಬ ಸಾಲು ಇನ್ನೂರ ಎಂಟನೇ ಪುಟದ ತಳಕ್ಕೆ ಸರಿಯಾಗಿ ಮುಗಿದು, ಅದರ ಮುಂದೆ ಪೂರ್ಣವಿರಾಮ ಬೇರೆ ಬಿದ್ದಿತ್ತು. ಅನುಮಾನ ಪಡುವುದಕ್ಕೆ ಏನೂ ಉಳಿದಿರಲಿಲ್ಲ.

ವಾರಪತ್ರಿಕೆಯಲ್ಲಿ ನನ್ನದು ಒಂದು ಪುಟ. ಹೊಸ ವೈಜ್ಞಾನಿಕ ಕತೆಗಳು, ಮಾಯಾಲೋಕದ ಸಿನಿಮಾಗಳು, ಕಾಮಿಕ್ಸು, ಇವುಗಳ ವಿಮರ್ಶೆ. ನನಗಿಂತ ಮುಂಚೆ ಆ ಪುಟ ಬರೆಯುತ್ತಿದ್ದವನು ಪೋಸ್ಟರ್ ನೋಡಿಯೇ ಒಂದು ಸಿನಿಮಾವನ್ನು ಹೊಗಳಿದ್ದ. ಆ ಶುಕ್ರವಾರ ಸಿನಿಮಾ ಬಿಡುಗಡೆಯೇ ಆಗಲಿಲ್ಲ. ಅಂದಿನಿಂದ ಸಂಪಾದಕರು ಒಂದು ಕಟ್ಟಳೆ ಮಾಡಿದ್ದರು. ಸಿನಿಮಾ ಆದರೆ ಹರಿದ ಟಿಕೆಟ್ಟು ಅಂಟಿಸಬೇಕು; ಪುಸ್ತಕ, ಕಾಮಿಕ್ಸು ಆದರೆ ಪೂರ್ತಿ ಓದಿ, ಕೊನೆಯ ಪುಟದಲ್ಲಿ ತಾರೀಕು ಹಾಕಿ ರುಜು ಮಾಡಬೇಕು. ನಾನು ಇನ್ನೂರ ಎಂಟನೇ ಪುಟದಲ್ಲಿ ರುಜು ಮಾಡಿದ್ದೆ.

ಪುಟ ಅಚ್ಚಿಗೆ ಹೋಗುವುದು ನಾಲ್ಕು ಗಂಟೆಗೆ. ನನ್ನ ಮೂರು ತಿಂಗಳ ಪರೀಕ್ಷಾ ಅವಧಿ ಮುಗಿಯುವುದು ಮರುದಿನ. ಕಾಯಂ ಮಾಡುವ ಪತ್ರ ಟೈಪಾಗಿ ಸಂಪಾದಕರ ಮೇಜಿನ ಮೇಲಿತ್ತು. ಅವರು ಸಹಿ ಹಾಕುವುದಷ್ಟೇ ಬಾಕಿ.

“ಊಟ ಬಿಟ್ಟು ಎಲ್ಲಿಗೆ ಹೊರಟೆ?”

“ಪುಸ್ತಕ ತಗೊಂಡು ಹೋಗ್ತೀನಿ ಅತ್ತಿಗೆ.”

“ತಗೊಂಡು ಹೋಗು, ಮಡಚಬೇಡ!” ಎನ್ನುವಷ್ಟರಲ್ಲಿ ನಾನು ಮೆಟ್ಟಿಲಿಳಿದಿದ್ದೆ.

ಬಸ್ಸಿನಲ್ಲಿ ನಿಂತುಕೊಂಡೇ ಆ ಹದಿನಾರು ಪುಟ ಓದಿದೆ. ಚಂದ್ರನ ಮೇಲಿನ ಒಂಟಿ ಠಾಣೆಯಲ್ಲಿ ಇಪ್ಪತ್ತು ವರ್ಷ ಕಾವಲಿದ್ದ ಹೆಂಗಸು. ಹೊರಗೆ ಗಾಳಿಯೂ ಇಲ್ಲದ ಕಡೆಯಿಂದ ದಿನಾ ಬಾಗಿಲು ಬಡಿದ ಅದುರು. ಅದನ್ನು ಅವಳು ತಪ್ಪದೆ ದಫ್ತರದಲ್ಲಿ ಬರೆದಿಡುತ್ತಾಳೆ, ಬಾಗಿಲು ಮಾತ್ರ ತೆಗೆಯುವುದಿಲ್ಲ. ಇಷ್ಟು ನನಗೆ ಗೊತ್ತಿತ್ತು. ಬಾಗಿಲಾಚೆ ಇದ್ದವಳು ಸತ್ತಳೆಂದುಕೊಂಡಿದ್ದ ಹಿಂದಿನ ಕಾವಲಿನವಳು ಎಂಬುದು ಗೊತ್ತಿರಲಿಲ್ಲ. ಅವಳು ಒಳಗೆ ಬಂದು, ಉಸ್ಸೆಂದು ಕೂತು, ಮಂಡಿ ನೀವಿಕೊಳ್ಳುತ್ತಾ ಕೇಳುತ್ತಾಳೆ: ‘ಇಷ್ಟು ವರ್ಷ ತಟ್ಟಿದೆನಲ್ಲೇ, ಯಾರು ಅಂತ ಒಂದು ಸಲ ಕೇಳಬಾರದಿತ್ತಾ?’

ನನ್ನ ವಿಮರ್ಶೆಯ ಕೊನೆಯ ಪ್ಯಾರಾ ಪೂರ್ತಿ ಆ ಮುಚ್ಚಿದ ಬಾಗಿಲಿನ ಬಗ್ಗೆ ಇತ್ತು. ಲೇಖಕಿ ಉತ್ತರ ಕೊಡದೆ ಉಳಿದ ಧೈರ್ಯದ ಬಗ್ಗೆ. ನಾನು ಬರೆದದ್ದರಲ್ಲೆಲ್ಲ ಅದೇ ಚೆನ್ನಾಗಿತ್ತು. ಮಾತು ಕಮ್ಮಿಯ ಮನೆಯಲ್ಲಿ ಬೆಳೆದವನು ನಾನು. ಅಣ್ಣನೂ ನಾನೂ ಒಂದೇ ಕೋಣೆಯಲ್ಲಿ ಇಡೀ ಭಾನುವಾರ ಕಳೆದು ನಾಲ್ಕು ಮಾತಾಡಿದರೆ ಹೆಚ್ಚು. ಆ ಬಾಗಿಲನ್ನು ನನಗಾಗಿಯೇ ಮುಚ್ಚಿಟ್ಟಿದ್ದಾರೆ ಎಂದುಕೊಂಡಿದ್ದೆ.

ಆಫೀಸು ತಲುಪಿದಾಗ ಮೂರು ಹತ್ತು. ಪುಟ ಕಟ್ಟುವ ಅಕ್ಕ ಪರದೆಯಿಂದ ಕಣ್ಣೆತ್ತದೆ ಹೇಳಿದಳು, “ನಿನ್ನದು ಆಯ್ತು. ಕತ್ತರಿ ಒಂದು ಅಕ್ಷರ ಮುಟ್ಟಿಲ್ಲ. ಸಿಹಿ ಹಂಚು.”

ಕತ್ತರಿ ಅಂದರೆ ಸಂಪಾದಕರು. ಯಾರ ಬರಹವಾದರೂ ಕತ್ತರಿಸುತ್ತಿದ್ದರು. ಒಂದು ಪದ ಸೇರಿಸಿದ್ದನ್ನು ಮಾತ್ರ ಯಾರೂ ಕಂಡಿರಲಿಲ್ಲ.

“ಅಕ್ಕ, ಕೊನೇ ಪ್ಯಾರಾ ತೆಗೆದುಬಿಡು.”

“ತಲೆ ಕೆಟ್ಟಿದೆಯಾ? ಅವರು ಒಪ್ಪಿದ ಮೇಲೆ ಚುಕ್ಕೆ ಅಲ್ಲಾಡಿಸಿದ್ರೂ ನನ್ನ ಚರ್ಮ ಸುಲೀತಾರೆ. ಅವರನ್ನೇ ಕೇಳು.”

ಕಪಾಟಿನಿಂದ ಆಫೀಸಿನ ಪ್ರತಿ ತೆಗೆದೆ. ಎರಡೂ ಪುಸ್ತಕ ಪಕ್ಕಪಕ್ಕ ಇಟ್ಟೆ. ಒಂದೇ ಹೊದಿಕೆ, ಒಂದೇ ಬಣ್ಣ. ಅತ್ತಿಗೆಯ ಪ್ರತಿಯ ಕೊನೆಯ ಪುಟದಲ್ಲಿ ಹಳೆಯ ತಾರೀಕು ಹಾಕಿ ರುಜು ಮಾಡಿ ಕಪಾಟಿಗೆ ಸೇರಿಸಿದರೆ, ಆಫೀಸಿನದು ಚೀಲಕ್ಕೆ. ಜಾಗ ಸಾಲದೆಂದು ನೆಪ ಹೇಳಿದರೆ ಆ ಪ್ಯಾರಾ ಹೋಗುತ್ತದೆ. ಮೂರು ನಿಮಿಷದ ಕೆಲಸ. ಪೆನ್ನಿನ ಮುಚ್ಚಳ ತೆಗೆದೂ ಬಿಟ್ಟಿದ್ದೆ.

“ಅದನ್ನೇ ಹುಡುಕ್ತಿದ್ದೆ, ಕೊಡಿಲ್ಲಿ.”

ಸಂಪಾದಕರು ಬೆನ್ನ ಹಿಂದೆಯೇ ಇದ್ದರು. ಕೈ ನೀಡಿ ಆಫೀಸಿನ ಪ್ರತಿಯನ್ನೇ ಎತ್ತಿಕೊಂಡರು.

“ತಲೆಬರಹ ಬದಲಾಯಿಸ್ತಿದೀನಿ. ‘ತೆರೆಯದ ಬಾಗಿಲು’. ಆ ಕೊನೇ ಸಾಲನ್ನೂ ದಪ್ಪ ಅಕ್ಷರದಲ್ಲಿ ಮೇಲೆ ಹಾಕೋಣ. ಹೇಳಿದ್ದೆನಲ್ಲ, ಕೊನೆ ಓದಿದ್ರೆ ಮಾತೇ ಬರಲ್ಲ ಅಂತ.”

ಹೇಳಿದ್ದರು. ರೈಲಿನಲ್ಲಿ ಅವರೇ ಮೊದಲು ಓದಿ, ಹಾಗೆಂದೇ ಪುಸ್ತಕವನ್ನು ನನ್ನ ಕೈಗೆ ಕೊಟ್ಟಿದ್ದರು. ಬಾಯಿಬಿಟ್ಟರೆ ಬೀಳುವುದು ನಾನೊಬ್ಬನೇ ಅಲ್ಲ ಎಂದು ಆಗ ಹೊಳೆಯಿತು. ಸುಮ್ಮನಿರುವುದಕ್ಕೆ ಇದಕ್ಕಿಂತ ಒಳ್ಳೆಯ ಕಾರಣ ಬೇಕಿರಲಿಲ್ಲ. ಸುಮ್ಮನಿರುವುದು ನನಗೆ ಕರತಲಾಮಲಕ.

ಅವರು ಅಕ್ಕನ ಕಡೆ ತಿರುಗಿದರು. ಅಕ್ಕ ಹಳೆಯ ತಲೆಬರಹ ಅಳಿಸಿದಳು.

“ಸಾರ್, ಬಾಗಿಲು ತೆರೆಯುತ್ತೆ,” ಎಂದೆ.

“ಏನು?”

“ನಮ್ಮ ಪ್ರತಿಯಲ್ಲಿ ಹದಿನಾರು ಪುಟ ಇಲ್ಲ.” ಅತ್ತಿಗೆಯ ಪುಸ್ತಕವನ್ನು ಇನ್ನೂರ ಒಂಬತ್ತನೇ ಪುಟಕ್ಕೆ ತೆರೆದು ಕೊಟ್ಟೆ.

ಅವರು ನಿಂತಲ್ಲೇ ಓದತೊಡಗಿದರು. ಮೂರು ಇಪ್ಪತ್ತೈದು. ಅಚ್ಚುಮನೆಯಿಂದ ಫೋನು ಬಂತು. ಅಕ್ಕ ಎತ್ತಿ, “ಬಂತು, ಬಂತು,” ಎಂದು ಇಟ್ಟಳು. ಅವರು ಕುರ್ಚಿ ಎಳೆದುಕೊಂಡು ಕೂತರು. ಹಾಳೆ ತಿರುವುವ ಸದ್ದು ಬಿಟ್ಟರೆ ಏನೂ ಇಲ್ಲ. ಅಂಥ ಸದ್ದಿಲ್ಲದಿರುವಿಕೆಯನ್ನು ನಾನು ಮೊದಲ ಸಲ ದ್ವೇಷಿಸಿದೆ. ಮತ್ತೆ ಫೋನು. ಈ ಸಲ ಅಕ್ಕ ಎತ್ತಲೇ ಇಲ್ಲ.

ಮೂರು ನಲವತ್ತಕ್ಕೆ ಅವರು ಕನ್ನಡಕ ತೆಗೆದರು.

“ಆ ಪೆನ್ನು ಯಾಕೆ ತೆರೆದಿದೆ ಕೈಯಲ್ಲಿ?”

ಸುಳ್ಳು ನಾಲಿಗೆಯ ತುದಿಯಲ್ಲಿತ್ತು. “ಇದರಲ್ಲಿ ರುಜು ಹಾಕಿ, ಅದನ್ನ ಚೀಲಕ್ಕೆ ಹಾಕ್ಕೊಳ್ಳೋಣ ಅಂತಿದ್ದೆ ಸಾರ್.”

ಅಕ್ಕ ತಲೆ ತಗ್ಗಿಸಿ ಕೀಲಿಮಣೆ ಒರೆಸತೊಡಗಿದಳು.

“ಹೇಗೂ ತೆರೆದಿದೆ, ಬರಿ. ಕೊನೇ ಪ್ಯಾರಾ ಇದ್ದ ಜಾಗಕ್ಕೆ. ಹತ್ತು ನಿಮಿಷ.”

ಬರೆದೆ. ನಾನು ಓದಿದ ಪ್ರತಿಯಲ್ಲಿ ಕೊನೆಯ ಹದಿನಾರು ಪುಟ ಇರಲಿಲ್ಲ. ಅದು ತಿಳಿಯದೆ, ಇಲ್ಲದ್ದನ್ನು ಲೇಖಕಿಯ ಧೈರ್ಯವೆಂದು ಹೊಗಳಿದ್ದೆ. ಅವರು ನಿಜವಾಗಿ ಬರೆದದ್ದು ನಾನು ಹೊಗಳಿದ್ದಕ್ಕಿಂತ ಕಷ್ಟದ ಕೆಲಸ, ಬಾಗಿಲು ತೆರೆದು ಇಬ್ಬರು ಹೆಂಗಸರನ್ನು ಮಾತಿಗೆ ಕೂರಿಸಿದ್ದಾರೆ. ಆ ಭಾಗವನ್ನು ಬಸ್ಸಿನಲ್ಲಿ ನಿಂತು ಓದಿದ್ದೇನೆ, ಆದ್ದರಿಂದ ಅದರ ಬಗ್ಗೆ ಹೆಚ್ಚು ಹೇಳಲಾರೆ. ಸಂಪಾದಕರ ಸುದ್ದಿ ಎತ್ತಲಿಲ್ಲ.

ಅವರು ಓದಿ ಎರಡು ಪದ ಹೊಡೆದುಹಾಕಿದರು. ಆಮೇಲೆ ಪೆನ್ನು ಅಲ್ಲಾಡಿಸಿ ಕೆಳಗೆ ಒಂದು ಸಾಲು ಬರೆದರು: ‘ಇದೇ ಪ್ರತಿಯನ್ನು ಮೊದಲು ಓದಿ, ಕೊನೆಯನ್ನು ಹೊಗಳಿ, ವಿಮರ್ಶಕನ ಕೈಗೆ ಕೊಟ್ಟವನು ನಾನು. ಸಂಪಾದಕ.’ ಅಕ್ಕ ಅದನ್ನು ಎರಡು ಸಲ ಓದಿ ಟೈಪ್ ಮಾಡಿದಳು. ಮೂರು ಐವತ್ತೆಂಟಕ್ಕೆ ಪುಟ ಹೋಯಿತು.

ಮೇಜಿನ ಮೇಲಿದ್ದ ನನ್ನ ಪತ್ರವನ್ನು ಅವರು ಎತ್ತಿ, ಅರ್ಧ ಪುಸ್ತಕದ ಇನ್ನೂರ ಎಂಟನೇ ಪುಟದಲ್ಲಿಟ್ಟು, ಕಪಾಟಿಗೆ ಹಾಕಿದರು.

“ಇನ್ನು ಮೂರು ತಿಂಗಳು ನೋಡೋಣ. ಬಾಯಿಬಿಟ್ಟೆ ಅಂತ ಪುಟ ನಿನ್ನ ಹತ್ತಿರ ಇರುತ್ತೆ. ಪೆನ್ನು ತೆರೆದೆ ಅಂತ ಪತ್ರ ನನ್ನ ಹತ್ತಿರ.”

“ಸರಿ ಸಾರ್.”

“ಈ ಪೂರ್ತಿ ಪುಸ್ತಕ ಯಾರದ್ದು?”

“ಅತ್ತಿಗೇದು.”

“ಕೊನೇ ಪುಟದಲ್ಲಿ ಅವರ ಕೈಲಿ ರುಜು ಹಾಕಿಸ್ಕೊಂಡು ಬಾ. ಇದನ್ನ ನೆಟ್ಟಗೆ ಓದಿರೋದು ಅವರೊಬ್ಬರೇ.”

ಸಂಜೆ ಅತ್ತಿಗೆ ಕೈ ಒರೆಸಿಕೊಂಡು ರುಜು ಮಾಡಿದರು, ತಾರೀಕೂ ಹಾಕಿದರು. “ಮೂಲೆ ಮಡಚಿದೀಯ, ಬಡೀಬೇಕು ನಿನಗೆ,” ಎಂದು ಮಡಿಕೆಯನ್ನು ಉಗುರಿನಿಂದ ತೀಡಿದರು. ಆಚೆ ಕುರ್ಚಿಯಲ್ಲಿದ್ದ ಅಣ್ಣ ಪೇಪರಿನ ಮೇಲಿಂದ ಒಮ್ಮೆ ನೋಡಿ ಮತ್ತೆ ಪೇಪರಿಗೆ ಇಳಿದ. ದಿನಾ ಹಾಗೇ.

ನಾನು ಅವನ ಎದುರಿನ ಕುರ್ಚಿಯಲ್ಲಿ ಕೂತೆ.

“ಅಣ್ಣ, ಇವತ್ತು ಏನಾಯ್ತು ಗೊತ್ತಾ,” ಎಂದೆ.