ಎತ್ತಿ ಒದೆಯುವ ಬಾಗಿಲು

ಚುನಾವಣೆಯ ಗಲಭೆಯಲ್ಲಿ ಕೀನ್ಯಾದ ಎಲ್ಡೊರೆಟ್ ಕಡೆಯ ಮನೆಗಳು ಲೂಟಿಯಾಗಿ ಸುಟ್ಟುಹೋದ ವರ್ಷದಿಂದ ನ್ಯಾಂಬುರಾ ಯಾರ ಮನೆಗೆ ಹೋದರೂ ಬಾಗಿಲ ಪಕ್ಕವೇ ಕೂರುತ್ತಿದ್ದಳು, ಯಾವಾಗ ಓಡಬೇಕಾದೀತೋ ಎಂದು ಬೂಟು ಬಿಚ್ಚುತ್ತಿರಲಿಲ್ಲ. ಹತ್ತು ವರ್ಷದ ಮೇಲೆ, ಮಹಿಳಾ ಸಂಘದ ಸಭೆಗೆಂದು ನೆರೆಯ ಜೆಬೆಟ್‌ಳ ಮನೆಗೆ ಮೊದಲ ಸಲ ಬಂದಾಗಲೂ ಹಾಗೆಯೇ ಕೂತಳು. ನೀಲಿ ಬಣ್ಣ ಬಳಿದ ಬಾಗಿಲನ್ನು ಒಮ್ಮೆ ದಿಟ್ಟಿಸಿದಳು.

ಚಹಾ ಅರ್ಧ ಕುಡಿದಾಗ ಗಾಳಿಗೆ ಬಾಗಿಲು ದಢಾರನೆ ಮುಚ್ಚಿಕೊಂಡಿತು. ಜೆಬೆಟ್‌ಳ ಗಂಡ ಕಿಪ್ರೋನೊ ನೂಕಿದ, ಗುದ್ದಿದ, ಬೈದ. ಬಾಗಿಲು ಜಪ್ಪಯ್ಯ ಅನ್ನಲಿಲ್ಲ.

“ಈ ದರಿದ್ರದ್ದು ಯಾವಾಗ್ಲೂ ಹೀಗೇ. ಗಾಳಿ ಬಂದ್ರೆ ನಾವು ಕಿಟಕಿಯಿಂದ್ಲೇ ಹಾರೋದು,” ಎಂದಳು ಜೆಬೆಟ್.

ಮುಚ್ಚಿದ ಮನೆಯಲ್ಲಿ ನ್ಯಾಂಬುರಾಳಿಗೆ ಉಸಿರು ಕಟ್ಟತೊಡಗಿತು. “ಸರಿಯಪ್ಪ ಆಚೆ,” ಎನ್ನುತ್ತ ಎದ್ದು, ಹಿಡಿಯನ್ನು ಮೇಲಕ್ಕೆತ್ತಿ, ಕೆಳಮೂಲೆಗೆ ಬೂಟುಗಾಲಿನಿಂದ ಒಂದು ಒದೆ ಕೊಟ್ಟಳು. ಬಾಗಿಲು ತೆರೆಯಿತು.

ಕಿಪ್ರೋನೊ ನೆಲ ನೋಡಿದ.

“ನಿಮ್ಗೆ ಹೇಗೆ ಗೊತ್ತು, ಅಕ್ಕಾ?” ಎಂದು ಊರಿಗೆ ಹೊಸದಾಗಿ ಬಂದ ಸೊಸೆಯೊಬ್ಬಳು ಕೇಳಿದಳು.

“ಇದನ್ನ ಮಾಡಿ ನಮ್ಮನೇಲಿ ಕೂರಿಸಿದ್ದು ನಮ್ಮೆಜಮಾನ್ರು. ಆ ವರ್ಷ ಗಲಾಟೇಲಿ ಹೋದ್ರು. ಹೋದೋರನ್ನ ಆಡ್ಕೋಬಾರ್ದು, ಆದ್ರೆ ಮರಗೆಲಸ ಅವರಿಗೆ ಬರ್ತಿರ್ಲಿಲ್ಲ ಕಣಮ್ಮ.”

ಜೆಬೆಟ್ ಚಹಾದ ಲೋಟ ಕೆಳಗಿಟ್ಟಳು.

“ತಪ್ಪಾಯ್ತು, ಅಕ್ಕ,” ಎಂದ ಕಿಪ್ರೋನೊ ಸಣ್ಣ ದನಿಯಲ್ಲಿ. “ನಾಳೇನೇ ನಿಮ್ಮನೆಗೆ ತಂದು ಕೂರಿಸ್ತೀನಿ.”

“ತಾ. ಹಾಗೇ ನಾನು ಕೂತಿದ್ದ ಕುರ್ಚೀನೂ ತಾ.”

ಮೊದಲು ನಕ್ಕವಳು ಜೆಬೆಟ್, ಕಣ್ಣೊರೆಸಿಕೊಳ್ಳುತ್ತ. ಬಾಗಿಲು ತೆರೆದೇ ಇತ್ತು. ನ್ಯಾಂಬುರಾ ಹೊರಗೆ ಹೋಗದೆ, ಮರಳಿ ತನ್ನ ಕುರ್ಚಿಯಲ್ಲಿ ಕೂತು ಬೂಟಿನ ದಾರ ಸಡಿಲಿಸಿದಳು.